ಸೆನ್ಸಾರಿನಿಂದ ಸೆಂಟ್ರಲ್ ಜೈಲಿಗೆ: ಸ್ನೇಹಲತಾ ರೆಡ್ಡಿಯ ಏಳು ವರ್ಷ

ಕನ್ನಡದ ಹೊಸ ಅಲೆಯ ಸಿನಿಮಾ ಮೊಳೆತದ್ದು ಮದರಾಸಿನಲ್ಲಿ, ಅದೂ ಇಂಗ್ಲಿಷ್ ನಾಟಕ ಆಡುತ್ತಿದ್ದವರ ನಡುವೆ. ಗಾಂಧಿನಗರಕ್ಕೆ ಇದು ಅಷ್ಟು ಇಷ್ಟವಾಗುವ ಮಾತಲ್ಲ. ಆದರೆ 1960ರ ದಶಕದ ಕೊನೆಯಲ್ಲಿ ‘ಸಂಸ್ಕಾರ’ ಕಾದಂಬರಿಯನ್ನು ತೆರೆಗೆ ತರುವ ಹುಚ್ಚು ಹತ್ತಿದವರ ಪಟ್ಟಿ ನೋಡಿದರೆ ಬೇರೆ ತೀರ್ಮಾನಕ್ಕೆ ದಾರಿಯಿಲ್ಲ. ಗಿರೀಶ ಕಾರ್ನಾಡ ಆಗ ಮದರಾಸಿನ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್‌ನಲ್ಲಿ ನೌಕರಿಯಲ್ಲಿದ್ದರು. ಸಂಜೆಯಾದರೆ ಮದ್ರಾಸ್ ಪ್ಲೇಯರ್ಸ್ ತಂಡದ ನಾಟಕ. ಚೋಳಮಂಡಲದಲ್ಲಿ ಚಿತ್ರ ಬರೆಯುತ್ತಿದ್ದ ಎಸ್.ಜಿ. ವಾಸುದೇವ್ ಅವರ ಗೆಳೆಯ. ನೆಲ್ಲೂರಿನ ಜಮೀನುದಾರರ ಮನೆಯ ತಿಕ್ಕವರಪು ಪಟ್ಟಾಭಿರಾಮ ರೆಡ್ಡಿ ತೆಲುಗಿನ ಕವಿ. 1939ರಲ್ಲೇ ‘ಫಿಡೇಲು ರಾಗಾಲ ಡಜನ್’ ಎಂಬ ಸಂಕಲನ ತಂದು ಪಂಡಿತರನ್ನು ಕೆಣಕಿದ್ದವರು. ‘ಪೆಳ್ಳಿನಾಟಿ ಪ್ರಮಾಣಾಲು’, ‘ಶ್ರೀ ಕೃಷ್ಣಾರ್ಜುನ ಯುದ್ಧಮು’ ಮುಂತಾದ ದೊಡ್ಡ ತೆಲುಗು ಚಿತ್ರಗಳ ನಿರ್ಮಾಪಕರೂ ಹೌದು. ಅವರ ಹೆಂಡತಿ ಸ್ನೇಹಲತಾ. ಮದ್ರಾಸ್ ಪ್ಲೇಯರ್ಸ್ ಕಟ್ಟಿದವರಲ್ಲಿ ಒಬ್ಬರು, ಇಬ್ಸನ್, ಟೆನೆಸಿ ವಿಲಿಯಮ್ಸ್ ನಾಟಕಗಳ ರಂಗದಲ್ಲಿ ಪಳಗಿದವರು.

1932ರಲ್ಲಿ ಹುಟ್ಟಿದ ಸ್ನೇಹಲತಾ ಕ್ರೈಸ್ತ ಕುಟುಂಬದವರು. ಬ್ರಿಟಿಷರ ಆಳ್ವಿಕೆಯ ಮೇಲಿನ ಸಿಟ್ಟಿಗೆ ಎಳೆ ವಯಸ್ಸಿನಲ್ಲೇ ಇಂಗ್ಲಿಷ್ ಹೆಸರು, ಇಂಗ್ಲಿಷ್ ಉಡುಪು ಎರಡನ್ನೂ ಬಿಟ್ಟವರು. ಗಂಡ ಹೆಂಡತಿ ಇಬ್ಬರೂ ರಾಮಮನೋಹರ ಲೋಹಿಯಾರ ಅಭಿಮಾನಿಗಳು. ಅಭಿಮಾನಿ ಎಂದರೆ ಭಾಷಣ ಕೇಳಿ ಚಪ್ಪಾಳೆ ಹೊಡೆಯುವವರಲ್ಲ, ಮನೆಯ ಬಾಗಿಲನ್ನೇ ಸಮಾಜವಾದಿಗಳಿಗೆ ತೆರೆದಿಟ್ಟವರು. ಲೋಹಿಯಾ 1967ರ ಅಕ್ಟೋಬರ್‌ನಲ್ಲಿ ತೀರಿಕೊಂಡರು. ‘ಸಂಸ್ಕಾರ’ ತೆಗೆಯಲು ಪಟ್ಟಾಭಿ ಶುರು ಮಾಡಿದ ಸಂಸ್ಥೆಗೆ ಇಟ್ಟ ಹೆಸರು ‘ರಾಮಮನೋಹರ ಚಿತ್ರ’. ಮುಂದೆ ನಡೆದದ್ದೆಲ್ಲ ಆ ಹೆಸರಿನಲ್ಲೇ ಅಡಗಿತ್ತು ಎಂದು ನನಗೆ ಅನ್ನಿಸುತ್ತದೆ. ಸಿನಿಮಾ ಬೇರೆ, ರಾಜಕಾರಣ ಬೇರೆ ಎಂಬ ಗೋಡೆ ಈ ಬಳಗದಲ್ಲಿ ಮೊದಲಿನಿಂದಲೂ ಇರಲಿಲ್ಲ.

ಕಾದಂಬರಿ ಬಂದದ್ದು 1965ರಲ್ಲಿ. ಬರ್ಮಿಂಗ್‌ಹ್ಯಾಮ್‌ನಲ್ಲಿ ಓದುತ್ತಿದ್ದ ಯು.ಆರ್. ಅನಂತಮೂರ್ತಿ, ಬರ್ಗ್‌ಮನ್‌ನ ‘ದಿ ಸೆವೆಂತ್ ಸೀಲ್’ ಚಿತ್ರವನ್ನು ನೋಡಿ ಬಂದ ಗುಂಗಿನಲ್ಲಿ ಬರೆದದ್ದು ಅದು. ದೂರ್ವಾಸಪುರದ ಅಗ್ರಹಾರದಲ್ಲಿ ನಾರಣಪ್ಪ ಸಾಯುತ್ತಾನೆ. ಬ್ರಾಹ್ಮಣ್ಯ ಬಿಟ್ಟವನ ಹೆಣಕ್ಕೆ ಸಂಸ್ಕಾರ ಮಾಡುವವರು ಯಾರು? ಎಲ್ಲರೂ ಪ್ರಾಣೇಶಾಚಾರ್ಯರ ಮುಖ ನೋಡುತ್ತಾರೆ, ಆಚಾರ್ಯರು ತಾಳೆಗರಿ ನೋಡುತ್ತಾರೆ, ಹೆಣ ಕೊಳೆಯುತ್ತದೆ, ಇಲಿಗಳು ಬೀಳುತ್ತವೆ, ಹದ್ದುಗಳು ಮನೆಯ ಮೇಲೆ ಕೂರುತ್ತವೆ. ಈ ಎಲ್ಲರ ನಡುವೆ ಏನು ಮಾಡಬೇಕೆಂದು ತಿಳಿದಿರುವುದು ಒಬ್ಬಳಿಗೆ: ನಾರಣಪ್ಪನ ಜೊತೆ ಬಾಳಿದ ಕುಂದಾಪುರದ ಚಂದ್ರಿ. ಮೈಮೇಲಿನ ಬಂಗಾರವನ್ನೆಲ್ಲ ತೆಗೆದು ಶವಸಂಸ್ಕಾರದ ಖರ್ಚಿಗೆಂದು ಆಚಾರ್ಯರ ಮುಂದೆ ಇಡುತ್ತಾಳೆ. ಧರ್ಮದ ಪ್ರಶ್ನೆ ಅಷ್ಟಕ್ಕೇ ಆಸೆಯ ಪ್ರಶ್ನೆಯಾಗಿ ಹೊರಳುತ್ತದೆ. ಮಾರುತಿ ಗುಡಿಯಿಂದ ಬರಿಗೈಯಲ್ಲಿ ಮರಳುವ ಆಚಾರ್ಯರಿಗೆ ಕಾಡಿನ ಕತ್ತಲಲ್ಲಿ ಎದುರಾಗುವವಳೂ ಅವಳೇ. ಕೊನೆಗೆ ಯಾರ ಅಪ್ಪಣೆಗೂ ಕಾಯದೆ ಮೀನಿನ ವ್ಯಾಪಾರಿ ಅಹ್ಮದ್ ಬ್ಯಾರಿಯ ಕೈಲಿ ರಾತ್ರೋರಾತ್ರಿ ಹೆಣ ಸುಡಿಸಿ ಊರು ಬಿಡುತ್ತಾಳೆ. ಶಾಸ್ತ್ರ ಇನ್ನೂ ಚರ್ಚೆಯಲ್ಲಿರುವಾಗ ಕೆಲಸ ಮುಗಿದಿರುತ್ತದೆ.

ಈ ಚಂದ್ರಿಯ ಪಾತ್ರ ಸ್ನೇಹಲತಾಗೆ ಬಂತು. ಕಾರ್ನಾಡ ಚಿತ್ರಕಥೆ ಬರೆದು ತಾವೇ ಪ್ರಾಣೇಶಾಚಾರ್ಯರಾದರು, ಪಿ. ಲಂಕೇಶ ನಾರಣಪ್ಪನಾದರು. ವಾಸುದೇವ್ ಕಲಾ ನಿರ್ದೇಶನ. ಕ್ಯಾಮೆರಾ ಹಿಡಿದವನು ಆಸ್ಟ್ರೇಲಿಯಾದ ಟಾಮ್ ಕೋವನ್. ತೆಲುಗು ಚಿತ್ರರಂಗದಲ್ಲಿ ಪಳಗಿದ್ದ ಸಿಂಗೀತಂ ಶ್ರೀನಿವಾಸರಾವ್ ಬೆನ್ನಿಗೆ ನಿಂತರು. ಸಂಗೀತ ರಾಜೀವ ತಾರಾನಾಥರದು. ಅವರು ರಾಯಚೂರಿನಲ್ಲಿ ಹಮ್‌ದರ್ದ್ ಶಾಲೆ ಕಟ್ಟಿದ ಪಂಡಿತ ತಾರಾನಾಥರ ಮಗ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಆಗ ರಾಯಚೂರು ಜಿಲ್ಲೆಯ ತಾಲ್ಲೂಕುಗಳು. ಮಲೆನಾಡಿನ ಮಾಧ್ವ ಅಗ್ರಹಾರದ ಕಥೆಗೆ ನಮ್ಮ ಕೊಪ್ಪಳ ಕಡೆಯ ಋಣ ಇಷ್ಟಾದರೂ ಇದೆ ಎಂದು ಇಲ್ಲಿಯವರು ಹೇಳಿಕೊಳ್ಳಬಹುದು.

ಶೂಟಿಂಗ್ ನಡೆದದ್ದು ಶೃಂಗೇರಿ ಬಳಿಯ ವೈಕುಂಠಪುರದಲ್ಲಿ. ಸ್ಟುಡಿಯೋ ಇಲ್ಲ, ಸೆಟ್ ಇಲ್ಲ, ಹಾಡು ಇಲ್ಲ, ಸ್ಟಾರ್ ಇಲ್ಲ. ಒಟ್ಟು ಖರ್ಚು ಒಂದು ಲಕ್ಷ ರೂಪಾಯಿಯ ಒಳಗೇ ಮುಗಿಯಿತು. ಕಪ್ಪುಬಿಳುಪಿನ ಆ ಚಿತ್ರದ ದಾರಿದ್ರ್ಯವೇ ಅದರ ಬಲ ಎಂದು ಹೊಗಳುವವರಿದ್ದಾರೆ. ನನಗೆ ಅದು ಅರ್ಧ ಮಾತ್ರ ನಿಜ ಅನ್ನಿಸುತ್ತದೆ. ದುಡ್ಡು ಇಲ್ಲದ ಎಷ್ಟೋ ಚಿತ್ರಗಳು ಬರೀ ಬಡ ಚಿತ್ರಗಳಾಗಿಯೇ ಸತ್ತಿವೆ. ಇಲ್ಲಿ ನಡೆದದ್ದು ಬೇರೆ. ಕವಿ, ನಾಟಕಕಾರ, ಕಥೆಗಾರ, ಚಿತ್ರಕಾರ, ಸರೋದ್ ವಾದಕ ಎಲ್ಲರೂ ಒಬ್ಬರ ಮನೆಯ ಊಟ ಇನ್ನೊಬ್ಬರು ಉಂಡವರು. ಸಂಬಳಕ್ಕೆ ಬದಲು ಸ್ನೇಹ, ಕರಾರಿಗೆ ಬದಲು ನಂಬಿಕೆ. ಏಳು ವರ್ಷದ ನಂತರ ಪೊಲೀಸರು ಬಿಡಿಸಲು ಹೊರಟದ್ದೂ ಇದೇ ಬಗೆಯ ಗಂಟನ್ನು.

ಸ್ನೇಹಲತಾ ಆಗ ಮೂವತ್ತೇಳು-ಮೂವತ್ತೆಂಟರ ಹೆಣ್ಣು. ಆ ಕಾಲದ ಸಿನಿಮಾ ಲೆಕ್ಕದಲ್ಲಿ ಆ ವಯಸ್ಸಿಗೆ ಬರುವುದು ಅತ್ತಿಗೆಯ ಪಾತ್ರ, ಇಲ್ಲವೇ ತಾಯಿಯದು. ಚಂದ್ರಿಗೆ ಹದಿಹರೆಯ ಬೇಕಿರಲಿಲ್ಲ. ಬಾಳನ್ನು ಕಂಡ ಮೈ, ಕಡಿಮೆ ಮಾತು ಬೇಕಿತ್ತು. ಇನ್ನೊಂದು ಮಾತು ಇಲ್ಲೇ ಹೇಳಿಬಿಡಬೇಕು. ಉತ್ತರ ಕರ್ನಾಟಕದ ಊರುಗಳಲ್ಲಿ ನಟಿ ಎಂದರೆ ಕಂಪನಿ ನಾಟಕದವಳು. ಜಾತ್ರೆಯ ಟೆಂಟಿನಲ್ಲಿ ಶಿಳ್ಳೆ ಹೊಡೆಸಿಕೊಂಡು, ಹಗಲಾದರೆ ಊರಿನ ಕಣ್ಣಿಗೆ ಕೀಳಾಗುವವಳು. ಆ ಹೆಣ್ಣುಮಕ್ಕಳು ಪಾತ್ರದ ಕಳಂಕವನ್ನು ಬದುಕಿನಲ್ಲೂ ಹೊತ್ತರು. ಸ್ನೇಹಲತಾಗೆ ಜಾತಿ, ಹಣ, ಇಂಗ್ಲಿಷ್, ಜಮೀನುದಾರ ಗಂಡ ಎಲ್ಲ ಇದ್ದವು. ವೇಶ್ಯೆ ಎನ್ನಿಸಿಕೊಂಡವಳ ಪಾತ್ರ ಮಾಡಿ ಮಾನವಾಗಿ ಮನೆಗೆ ಹೋಗಬಹುದಿತ್ತು. ಸರ್ಕಾರ ಎದುರಾದಾಗ ಈ ರಕ್ಷಣೆ ಎಷ್ಟು ತೆಳುವಾದದ್ದು ಎಂಬುದು ಗೊತ್ತಾಗುವವರೆಗೆ.

ಮೊದಲ ಏಟು ಬಿದ್ದದ್ದು ಸಿನಿಮಾಕ್ಕೆ. ಮದರಾಸಿನ ಸೆನ್ಸಾರ್ ಮಂಡಳಿ ಚಿತ್ರಕ್ಕೆ ಸರ್ಟಿಫಿಕೇಟ್ ಕೊಡಲು ಒಪ್ಪಲಿಲ್ಲ. ಜಾತಿ ಜಾತಿಗಳ ನಡುವೆ ಕಿಚ್ಚು ಹತ್ತೀತು ಎಂಬುದು ಅದರ ಹೆದರಿಕೆ. ಪಟ್ಟಾಭಿ ಬಿಡಲಿಲ್ಲ. ಪತ್ರಿಕೆಗಳಲ್ಲಿ ಗದ್ದಲವಾಯಿತು, ದಿಲ್ಲಿಯ ವಾರ್ತಾ ಮತ್ತು ಪ್ರಸಾರ ಸಚಿವಾಲಯದವರೆಗೆ ಹೋಗಿ ನಿಷೇಧ ತೆರವಾಯಿತು. ನಿಷೇಧಿಸಿದ ಸರ್ಕಾರವೇ 1970ರ ಸಾಲಿನ ಅತ್ಯುತ್ತಮ ಚಿತ್ರವೆಂದು ಅದಕ್ಕೆ ರಾಷ್ಟ್ರಪತಿಗಳ ಚಿನ್ನದ ಪದಕ ಕೊಟ್ಟಿತು. ಕನ್ನಡಕ್ಕೆ ಆ ಪದಕ ಬಂದದ್ದು ಅದೇ ಮೊದಲು. 1972ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲೂ ಬಹುಮಾನ ಬಂತು. ‘ವಂಶವೃಕ್ಷ’, ‘ಕಾಡು’, ‘ಚೋಮನ ದುಡಿ’, ‘ಪಲ್ಲವಿ’, ‘ಘಟಶ್ರಾದ್ಧ’ ಒಂದರ ಹಿಂದೆ ಒಂದು ಬಂದವು. ಅಗ್ಗದ ಕಪ್ಪುಬಿಳುಪಿನ ಚಿತ್ರ ತೆಗೆಯುವ ಧೈರ್ಯ ಎಲ್ಲರಿಗೂ ಬಂತು.

ಚಿತ್ರದ ಬಗ್ಗೆ ವಿದ್ವಾಂಸರ ಜಗಳ ಇನ್ನೂ ಮುಗಿದಿಲ್ಲ. ಬ್ರಾಹ್ಮಣ್ಯದ ಖಂಡನೆ ಇದು ಎಂದು ಕೆಲವರು, ಬ್ರಾಹ್ಮಣನೊಬ್ಬನ ಆತ್ಮಶೋಧನೆ ಮಾತ್ರ ಎಂದು ಕೆಲವರು. ವಿ.ಎಸ್. ನೈಪಾಲ್ 1977ರ ತಮ್ಮ ಪುಸ್ತಕದಲ್ಲಿ ಇಡೀ ಭಾರತದ ಮನಸ್ಸಿನ ರೋಗಕ್ಕೆ ಇದನ್ನೇ ಸಾಕ್ಷಿ ಮಾಡಿಕೊಂಡರು. ಸ್ತ್ರೀವಾದಿಗಳ ತಕರಾರು ನನಗೆ ಹೆಚ್ಚು ತೂಕದ್ದು ಅನ್ನಿಸುತ್ತದೆ: ಕಥೆಯ ಗಂಟು ಬಿಡಿಸಿದವಳನ್ನು ಕಥೆ ಅರ್ಧದಲ್ಲೇ ಬಸ್ಸು ಹತ್ತಿಸಿ ಕಳಿಸುತ್ತದೆ, ಉಳಿದರ್ಧ ಆಚಾರ್ಯರ ಗೊಂದಲಕ್ಕೇ ಮೀಸಲು.

ಪದಕ ಬಂದ ಮೇಲೆ ಸ್ನೇಹಲತಾಗೆ ಪಾತ್ರಗಳ ಸುರಿಮಳೆಯೇನೂ ಆಗಲಿಲ್ಲ. ಅವರಿಗೆ ಆ ಹಸಿವೂ ಇದ್ದಂತಿಲ್ಲ. ಕುಟುಂಬ ಬೆಂಗಳೂರಿನ ಸೇಂಟ್ ಮಾರ್ಕ್ಸ್ ರಸ್ತೆಯ ಮನೆಯಲ್ಲಿ ನೆಲೆಸಿತು. ನಾಟಕ ಆಡಿಸಿದರು, ‘ಸೀತಾ’ ಎಂಬ ನಾಟಕ ಬರೆದರು. ಬೆಂಗಳೂರಿನ ಬರಹಗಾರರು, ನಟರು, ಕಾರ್ಮಿಕ ಮುಖಂಡರು ಬಂದು ಹೋಗುವ ಮನೆ ಅದು. ಬಂದು ಹೋಗುವವರಲ್ಲಿ ಮಂಗಳೂರಿನ ಒಬ್ಬ ಮನುಷ್ಯನೂ ಇದ್ದ. ಹೆಸರು ಜಾರ್ಜ್ ಫರ್ನಾಂಡಿಸ್.

1974ರ ಮೇ ತಿಂಗಳಲ್ಲಿ ಜಾರ್ಜ್ ದೇಶದ ರೈಲುಗಳನ್ನು ನಿಲ್ಲಿಸಿದರು. ಸುಮಾರು 17 ಲಕ್ಷ ನೌಕರರು 20 ದಿನ ಮುಷ್ಕರ ಹೂಡಿದರು. ಸರ್ಕಾರ ಮುಷ್ಕರವನ್ನು ಮುರಿಯಿತು, ಜಾರ್ಜ್‌ರನ್ನು ಮರೆಯಲಿಲ್ಲ. ಮರುವರ್ಷ ಜೂನ್ 25ರ ರಾತ್ರಿ ತುರ್ತು ಪರಿಸ್ಥಿತಿ ಘೋಷಣೆಯಾದಾಗ ಹೆಚ್ಚಿನ ನಾಯಕರು ಹಾಸಿಗೆಯಿಂದಲೇ ಜೈಲಿಗೆ ಹೋದರು. ಸಂಸತ್ ಸಮಿತಿಯ ಕೆಲಸಕ್ಕೆಂದು ಬೆಂಗಳೂರಿಗೆ ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಇಲ್ಲೇ ಸೆರೆಯಾಗಿ ಬೆಂಗಳೂರು ಸೆಂಟ್ರಲ್ ಜೈಲು ಸೇರಿದರು. ಜಾರ್ಜ್ ಮಾತ್ರ ಸಿಗಲಿಲ್ಲ. ವೇಷ ಮರೆಸಿಕೊಂಡು ಊರಿಂದ ಊರಿಗೆ ಅಲೆದರು. ಡೈನಮೈಟ್ ಸಂಗ್ರಹಿಸಿ ರೈಲು ಹಳಿ, ಸೇತುವೆಗಳ ಹತ್ತಿರ ಸಿಡಿಸಬೇಕು, ಜೀವಹಾನಿ ಆಗದಂತೆ ಸರ್ಕಾರಕ್ಕೆ ನಡುಕ ಹುಟ್ಟಿಸಬೇಕು ಎಂಬುದು ಅವರ ಯೋಜನೆ. 1976ರ ಮಾರ್ಚ್‌ನಲ್ಲಿ ಬರೋಡದಲ್ಲಿ ಆ ಡೈನಮೈಟ್ ಪೊಲೀಸರ ಕೈಗೆ ಬಿತ್ತು. ಅಲ್ಲಿಂದ ಜಾರ್ಜ್‌ರ ಬೇಟೆ ತೀವ್ರವಾಯಿತು. ಜಾರ್ಜ್ ಸಿಗದಿದ್ದರೆ ಅವರನ್ನು ಬಲ್ಲವರಾದರೂ ಸಿಗಬೇಕಲ್ಲ.

ಆ ಹೊತ್ತಿಗೆ ದಿಲ್ಲಿಯಲ್ಲಿ ಇನ್ನೊಂದು ಬಾಗಿಲು ಮುಚ್ಚಿತು. ವಿಚಾರಣೆಯಿಲ್ಲದೆ ಕೂಡಿಹಾಕಲು ಬಿಡುವ ಮೀಸಾ ಕಾಯ್ದೆಯಡಿ ಬಂಧಿಸಿದ್ದು ಅಕ್ರಮ ಎಂದು ಕೈದಿಗಳು ಹಲವು ಹೈಕೋರ್ಟುಗಳಿಗೆ ಹೋಗಿದ್ದರು, ಕರ್ನಾಟಕ ಹೈಕೋರ್ಟೂ ಸೇರಿ ಹಲವು ಕೋರ್ಟುಗಳು ಅವರ ಅಹವಾಲು ಕೇಳಲು ಒಪ್ಪಿದ್ದವು. 1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟು, ತುರ್ತು ಪರಿಸ್ಥಿತಿ ಇರುವಷ್ಟು ದಿನ ಅಂಥ ಕೈದಿಗೆ ಕೋರ್ಟಿನ ಬಾಗಿಲು ತಟ್ಟುವ ಹಕ್ಕೇ ಇಲ್ಲ ಎಂದಿತು. ಐವರಲ್ಲಿ ನ್ಯಾಯಮೂರ್ತಿ ಎಚ್.ಆರ್. ಖನ್ನಾ ಒಬ್ಬರೇ ಒಪ್ಪಲಿಲ್ಲ. ಮೇ 1ರಂದು ಬೆಂಗಳೂರಿನಲ್ಲಿ ಜಾರ್ಜ್‌ರ ತಮ್ಮ ಲಾರೆನ್ಸ್ ಫರ್ನಾಂಡಿಸ್‌ರನ್ನು ಪೊಲೀಸರು ಎಳೆದೊಯ್ದು ಅಣ್ಣನ ಸುಳಿವಿಗಾಗಿ ಮೈಮುರಿಯುವಂತೆ ಬಡಿದರು. ಮೇ 2ರಂದು ಸ್ನೇಹಲತಾ ಬಂಧನವಾಯಿತು. ತೀರ್ಪು ಬಂದು ನಾಲ್ಕು ದಿನವಾಗಿತ್ತು. ಕೆಲವೇ ವಾರ ಮೊದಲು ಹಿಡಿದಿದ್ದರೆ ಹೈಕೋರ್ಟಿಗೆ ಒಂದು ಅರ್ಜಿಯನ್ನಾದರೂ ಹಾಕಬಹುದಿತ್ತು.

ಸೆಂಟ್ರಲ್ ಜೈಲಿನಲ್ಲಿ ಅವರಿಗೆ ಸಿಕ್ಕದ್ದು ಒಂಟಿ ಕೋಣೆ. ಒಬ್ಬರು ಮೈ ಚಾಚುವಷ್ಟು ಜಾಗ, ಮೂಲೆಯಲ್ಲಿ ಕಕ್ಕಸಿಗೊಂದು ತೂತು, ಕಬ್ಬಿಣದ ಸರಳು. ಅವರಿಗೆ ಹಳೆಯ ಆಸ್ತಮಾ ಇತ್ತು, ಆ ಥಂಡಿಯಲ್ಲಿ ಅದು ಕೆರಳಿತು. ಉಸಿರುಗಟ್ಟಿ ರಾತ್ರಿಯಿಡೀ ಒದ್ದಾಡಿದ್ದಾರೆ, ಬೇಕಾದ ಔಷಧಿ ಬೇಕಾದ ಹೊತ್ತಿಗೆ ಸಿಕ್ಕಿಲ್ಲ. ಅದೇ ಜೈಲಿನಲ್ಲಿದ್ದ ಮಧು ದಂಡವತೆ, ರಾತ್ರಿಯ ನಿಶ್ಶಬ್ದದಲ್ಲಿ ಆಕೆಯ ಕೂಗು ಕೇಳಿಬರುತ್ತಿತ್ತು ಎಂದು ಮುಂದೆ ಬರೆದರು.

ಜೈಲಿನಲ್ಲಿ ಅವರು ಚಿಕ್ಕ ಡೈರಿ ಬರೆದಿಟ್ಟರು. ಅದನ್ನು ಓದಿದರೆ ಎದ್ದು ಕಾಣುವುದು ತಮ್ಮ ಕಷ್ಟಕ್ಕಿಂತ ಪಕ್ಕದ ಹೆಂಗಸರ ಕಷ್ಟದ ಲೆಕ್ಕ. ಕಳ್ಳತನ, ಸೂಳೆಗಾರಿಕೆ, ಕೊಲೆ ಎಂದು ಒಳಗೆ ಬಿದ್ದ ಬಡ ಹೆಣ್ಣುಮಕ್ಕಳು. ಒಳಗೆ ಕಾಲಿಡುವಾಗಲೇ ಎಲ್ಲರ ಮುಂದೆ ಬಟ್ಟೆ ಬಿಚ್ಚಿಸುವ ರೂಢಿಯ ವಿರುದ್ಧ ಅವರು ದನಿ ಎತ್ತಿದರು. ಹೊಡೆತ ನಿಲ್ಲಿಸಿ ಎಂದು ಜಗಳವಾಡಿದರು, ಊಟ ಸರಿಪಡಿಸಿ ಎಂದು ಪಟ್ಟು ಹಿಡಿದರು, ಕೆಲವದರಲ್ಲಿ ಗೆದ್ದರು. ಆ ಹೆಂಗಸರನ್ನು ಕೂಡಿಸಿಕೊಂಡು ಹಾಡು, ಆಟ ಆಡಿಸಿದರು. ಒಂದು ಕಾಲಕ್ಕೆ ಕ್ಯಾಮೆರಾ ಮುಂದೆ ಚಂದ್ರಿಯಾಗಿದ್ದಾಕೆ ಈಗ ಚಂದ್ರಿಯಂಥವರ ನಡುವೆ ಕೂತಿದ್ದರು, ಈ ಸಲ ಪ್ಯಾಕಪ್ ಹೇಳುವವರು ಯಾರೂ ಇರಲಿಲ್ಲ.

ಜೂನ್ 10ರಂದು ಜಾರ್ಜ್ ಕಲಕತ್ತೆಯಲ್ಲಿ ಸಿಕ್ಕಿಬಿದ್ದರು. ಹುಡುಕುತ್ತಿದ್ದವನೇ ಸಿಕ್ಕಮೇಲೆ ಸುಳಿವಿಗಾಗಿ ಹಿಡಿದವರನ್ನು ಬಿಡಬೇಕಿತ್ತು. ಬಿಡಲಿಲ್ಲ. ಸೆಪ್ಟೆಂಬರ್‌ನಲ್ಲಿ ಬರೋಡ ಡೈನಮೈಟ್ ಪ್ರಕರಣದ ಚಾರ್ಜ್‌ಶೀಟ್ ಬಂತು: 25 ಆರೋಪಿಗಳು, ಅವರಲ್ಲಿ ಸ್ನೇಹಲತಾ ಹೆಸರಿಲ್ಲ. ಆಗಲೂ ಬಿಡಲಿಲ್ಲ. ಆರೋಪವೇ ಇಲ್ಲದ ಹೆಣ್ಣನ್ನು ಕೂಡಿಹಾಕಲು ಮೀಸಾ ಇತ್ತಲ್ಲ! ದೇಹ ಪೂರ್ತಿ ಕುಸಿದ ಮೇಲೆ, 1977ರ ಜನವರಿ 15ರಂದು ಪೆರೋಲ್ ಮೇಲೆ ಮನೆಗೆ ಕಳಿಸಿದರು. ಜನವರಿ 18ರಂದು ಇಂದಿರಾ ಗಾಂಧಿ ಚುನಾವಣೆ ಘೋಷಿಸಿದರು. ಜನವರಿ 20ರಂದು ಸ್ನೇಹಲತಾ ತೀರಿಕೊಂಡರು.

ಅವರು ಭೂಗತ ಚಳವಳಿಯಲ್ಲಿ ಎಷ್ಟು ಇದ್ದರು? ಇದರ ಬಗ್ಗೆ ಎರಡು ಬಗೆಯ ಬರವಣಿಗೆಯಿದೆ. ಜಾರ್ಜ್‌ರ ಗೆಳತಿ ಎಂಬ ಒಂದೇ ತಪ್ಪಿಗೆ ಬಲಿಯಾದ ಮುಗ್ಧ ಕಲಾವಿದೆ ಎನ್ನುವುದು ಒಂದು. ತುರ್ತು ಪರಿಸ್ಥಿತಿ ಮುಗಿದ ಕೂಡಲೇ ಬಂದ ಬರಹಗಳಿಗೆ ಈ ಚಿತ್ರವೇ ಹಿತವಾಗಿತ್ತು. ಆದರೆ ಆ ಪ್ರಕರಣದ ಆರೋಪಿಗಳಲ್ಲೊಬ್ಬರಾದ ಸಿ.ಜಿ.ಕೆ. ರೆಡ್ಡಿ 1977ರಲ್ಲೇ ಪುಸ್ತಕ ಬರೆದು, ನಾವು ಪ್ರತಿರೋಧ ನಡೆಸಿದ್ದು ನಿಜ, ಹಾಗೆ ನಡೆಸುವುದು ನಮ್ಮ ಹಕ್ಕು ಎಂಬ ನಿಲುವು ತಳೆದರು. ಭೂಗತ ಕೆಲಸದೊಂದಿಗಿನ ನಂಟನ್ನು ಸ್ನೇಹಲತಾ ಕುಟುಂಬವೂ ಮುಚ್ಚಿಡಲಿಲ್ಲ. ನನ್ನ ಮನಸ್ಸು ಎರಡನೆಯದರ ಕಡೆಗೆ. ಆಕೆಯನ್ನು ಮುಗ್ಧೆ ಎನ್ನುವುದು ಆಕೆಯ ರಾಜಕೀಯ ಬುದ್ಧಿಯನ್ನು ಕಸಿದುಕೊಂಡಂತೆ. ಲೋಹಿಯಾ ಹೆಸರಿನಲ್ಲಿ ಸಿನಿಮಾ ತೆಗೆದ ಮನೆಯ ಹೆಂಗಸು ಏನೂ ಅರಿಯದೆ ಬಾಗಿಲು ತೆರೆದಳೇ? ಅರಿತೇ ತೆರೆದಿದ್ದರೂ, ಚಾರ್ಜ್‌ಶೀಟಿನಲ್ಲಿ ಹೆಸರಿಲ್ಲದವಳನ್ನು ಎಂಟು ತಿಂಗಳು ಉಸಿರುಗಟ್ಟಿಸಿದ್ದಕ್ಕೆ ಅದು ಸಮರ್ಥನೆಯಾಗದು. ತುರ್ತು ಪರಿಸ್ಥಿತಿಯ ಮೊದಲ ಹುತಾತ್ಮೆ ಎಂಬ ಬಿರುದೂ ತೀರ ಸಡಿಲ. ಕೇರಳದಲ್ಲಿ ಇಂಜಿನಿಯರಿಂಗ್ ವಿದ್ಯಾರ್ಥಿ ರಾಜನ್ ಪೊಲೀಸ್ ಕ್ಯಾಂಪಿನಲ್ಲಿ ಸತ್ತದ್ದು 1976ರ ಮಾರ್ಚ್‌ನಲ್ಲಿ.

ಮಾರ್ಚ್ 1977ರ ಚುನಾವಣೆಯಲ್ಲಿ ಉತ್ತರ ಭಾರತ ಕಾಂಗ್ರೆಸ್ಸನ್ನು ಗುಡಿಸಿ ಹಾಕಿತು. ಕೈಗೆ ಕೋಳ ಹಾಕಿಸಿಕೊಂಡ ಫೋಟೋದ ಬಲದಲ್ಲೇ ಎಂಬಂತೆ ಜಾರ್ಜ್ ಜೈಲಿನಿಂದ ಮುಜಫ್ಫರ್‌ಪುರ ಗೆದ್ದರು, ಮಂತ್ರಿಯಾದರು, ಡೈನಮೈಟ್ ಕೇಸು ವಾಪಸಾಯಿತು. ಆದರೆ ಸ್ನೇಹಲತಾ ಸತ್ತ ರಾಜ್ಯ ಬೇರೆಯೇ ಮಾತು ಆಡಿತು: ಕರ್ನಾಟಕದ 28 ಸ್ಥಾನಗಳಲ್ಲಿ 26 ಕಾಂಗ್ರೆಸ್ಸಿಗೆ. ಬೆಂಗಳೂರು ದಕ್ಷಿಣ ಮತ್ತು ಹಾಸನ ಮಾತ್ರ ಜನತಾ ಪಕ್ಷದ ಪಾಲು. ಕೊಪ್ಪಳ ಕ್ಷೇತ್ರವೂ ಕಾಂಗ್ರೆಸ್ಸಿಗೇ ಹೋಯಿತು.

ಇದಕ್ಕೆ ನಮ್ಮ ಜನರನ್ನು ಹಳಿಯುವ ಬುದ್ಧಿಜೀವಿಗಳನ್ನು ಕಂಡಿದ್ದೇನೆ. ಆದರೆ ಆ ವರ್ಷಗಳಲ್ಲಿ ಈ ತಾಲ್ಲೂಕುಗಳಿಗೆ ಸರ್ಕಾರ ಎಂದರೆ ಏನಾಗಿತ್ತು? ಸೆಂಟ್ರಲ್ ಜೈಲಿನ ಕೂಗು ಇಲ್ಲಿಗೆ ಕೇಳುವ ದಾರಿಯಿರಲಿಲ್ಲ. ಪತ್ರಿಕೆಗಳ ಬಾಯಿಗೆ ಸೆನ್ಸಾರ್ ಬಿದ್ದಿತ್ತು. ಕೇಳುತ್ತಿದ್ದದ್ದು ಮುಖ್ಯಮಂತ್ರಿ ದೇವರಾಜ ಅರಸರ ಭೂಸುಧಾರಣೆಯ ಮಾತು. 1974ರ ಕಾಯ್ದೆಯಂತೆ ಗೇಣಿದಾರರು ಭೂ ನ್ಯಾಯಮಂಡಳಿಯ ಮುಂದೆ ಅರ್ಜಿ ಹಾಕುತ್ತಿದ್ದ ಕಾಲ ಅದು. ಗಂಗಾವತಿಯಲ್ಲಿ ತುಂಗಭದ್ರೆಯ ಎಡದಂಡೆ ಕಾಲುವೆಯ ಭತ್ತದ ಗದ್ದೆ, ಕುಷ್ಟಗಿ-ಯಲಬುರ್ಗಾ ಕಡೆ ಮಳೆಯನ್ನೇ ನಂಬಿದ ಒಣಹೊಲ; ಎರಡೂ ಕಡೆ ‘ಉಳುವವನೇ ಹೊಲದೊಡೆಯ’ ಎಂಬ ಮಾತಿಗೆ ಜೀವ, ಸ್ವಾತಂತ್ರ್ಯ ಕಾಯುವ ಸಂವಿಧಾನದ 21ನೇ ವಿಧಿಗಿಂತ ಹೆಚ್ಚು ತೂಕ. ಒಂದು ಸರ್ಕಾರದ ಒಂದು ಕೈ ಗೇಣಿದಾರನಿಗೆ ಹೊಲದ ಪಟ್ಟಾ ಕೊಡುತ್ತಿತ್ತು, ಇನ್ನೊಂದು ಕೈ ಬೆಂಗಳೂರಿನಲ್ಲಿ ಬೀಗ ಹಾಕುತ್ತಿತ್ತು. ಎರಡನ್ನೂ ಒಟ್ಟಿಗೆ ನೋಡಲು ನಮ್ಮ ಇತಿಹಾಸ ಬರವಣಿಗೆಗೆ ಇನ್ನೂ ಸರಿಯಾಗಿ ಬಂದಿಲ್ಲ. ‘ಸಂಸ್ಕಾರ’ದ ಶೂಟಿಂಗ್ ನಡೆದ ವೈಕುಂಠಪುರ ಚಿಕ್ಕಮಗಳೂರು ಜಿಲ್ಲೆಯದು, 1978ರ ನವೆಂಬರ್‌ನಲ್ಲಿ ಇಂದಿರಾ ಗಾಂಧಿಯನ್ನು ಮರಳಿ ಲೋಕಸಭೆಗೆ ಕಳಿಸಿದ್ದೂ ಚಿಕ್ಕಮಗಳೂರೇ.

ಸ್ನೇಹಲತಾರ ಜೈಲು ಡೈರಿಯನ್ನು ಕರ್ನಾಟಕದ ಮಾನವ ಹಕ್ಕುಗಳ ಸಮಿತಿ 1977ರಲ್ಲೇ ಪುಸ್ತಕವಾಗಿ ತಂದಿತು. ಅದೇ ವರ್ಷ ಪಟ್ಟಾಭಿ, ಲಂಕೇಶರ ‘ಕ್ರಾಂತಿ ಬಂತು ಕ್ರಾಂತಿ’ ನಾಟಕ ಆಧರಿಸಿ ‘ಚಂಡಮಾರುತ’ ತಂದರು. ‘ಸಂಸ್ಕಾರ’ದ ಹೆಸರು ಅದಕ್ಕೆ ಬರಲಿಲ್ಲ. ‘ಶೃಂಗಾರ ಮಾಸ’, ‘ದೇವರ ಕಾಡು’ ಮಾಡಿದ ಮೇಲೆ 2006ರಲ್ಲಿ ಅವರೂ ಹೋದರು. ಮಗಳು ನಂದನಾ ದುಡಿಯುವ ಮಕ್ಕಳ ಪರ ಸಂಸ್ಥೆ ಕಟ್ಟಿದರು, ಮಗ ಕೋಣಾರ್ಕ್ ಗಿಟಾರ್ ಹಿಡಿದರು.

‘ಸಂಸ್ಕಾರ’ ಚಿತ್ರ ಮಾತ್ರ ತನ್ನದೇ ದಾರಿ ಹಿಡಿಯಿತು. ಊರೂರಿನ ಟಾಕೀಸಿನಲ್ಲಿ ನೂರು ದಿನ ಓಡುವ ಜಾತಿಯದಲ್ಲ ಅದು. ಫಿಲಂ ಸೊಸೈಟಿಗಳ ಪರದೆಯಲ್ಲಿ, ಹೆಗ್ಗೋಡಿನ ನೀನಾಸಂ ಥರದ ಕಡೆ ನಡೆದ ಶಿಬಿರಗಳಲ್ಲಿ, ಕಾಲೇಜು ಪಾಠದ ಪಕ್ಕದಲ್ಲಿ ಬದುಕಿತು. ಕೊಪ್ಪಳ ಕಡೆಯ ಮನೆಗಳಿಗೆ ಪ್ರಶಸ್ತಿ ಚಿತ್ರ ಎಂಬ ಜಾತಿ ಪರಿಚಯವಾದದ್ದು ಎಂಬತ್ತರ ದಶಕದಲ್ಲಿ, ದೂರದರ್ಶನದ ಭಾನುವಾರ ಮಧ್ಯಾಹ್ನದ ಪ್ರಾದೇಶಿಕ ಭಾಷಾ ಚಿತ್ರಗಳ ಮೂಲಕ. ಈಗ ಮೊಬೈಲಿನಲ್ಲೂ ಅದರ ಮಸುಕು ಪ್ರತಿ ಸಿಗುತ್ತದೆ. ಹುಡುಗರು ಅದನ್ನು ಕಲ್ಟ್ ಎನ್ನುತ್ತಾರೆ, ಕಾರ್ನಾಡರ ಮುಖ ಗುರುತು ಹಿಡಿಯುತ್ತಾರೆ, ಲಂಕೇಶರ ಮುಖವನ್ನೂ. ಚಂದ್ರಿ ಯಾರು ಎಂದು ಕೇಳಿದರೆ ಹೆಚ್ಚಿನವರಿಗೆ ಗೊತ್ತಿಲ್ಲ.